ಎಡಗೈಯ ರೊಟ್ಟಿ

ಬಳ್ಳಾರಿಯ ನಮ್ಮ ಮಹಿಳಾ ಸಂಘದಲ್ಲಿ ಒಂದು ರೂಢಿಯಿದೆ. ಅಧ್ಯಕ್ಷೆಯಾಗಬೇಕೆನ್ನುವವಳು ಭೋಗಿ ಹಬ್ಬದ ದಿನ ತನ್ನ ಕೈಯಾರೆ ತಟ್ಟಿದ ಸಜ್ಜೆ ರೊಟ್ಟಿಯನ್ನು ಎಲ್ಲರಿಗೂ ಬಡಿಸಬೇಕು. ಸಂಘದಲ್ಲಿ ಹೆಚ್ಚುಕಡಿಮೆ ಎಲ್ಲರೂ ನೆಂಟರೇ. ಮದುವೆಯಾಗಿ ಬಂದಂದಿನಿಂದ ಅವರಿಗೆ ನಾನು ‘ಕಾನ್ವೆಂಟ್ ಸೊಸಿ’. ಒಂದು ಸಲವಾದರೂ ಆ ಕುರ್ಚಿಯಲ್ಲಿ ಕೂತು ಆ ಹೆಸರು ಅಳಿಸಬೇಕೆಂಬ ಆಸೆ ನನಗೆ. ಆದರೆ ನಾನು ತಟ್ಟಿದ ರೊಟ್ಟಿಯ ಅಂಚು ಬಿರಿಯುತ್ತದೆ.

ನಮ್ಮ ಮನೆಗೆ ರೊಟ್ಟಿ ತಟ್ಟಲು ಬರುವವಳು ಸಿರುಗುಪ್ಪದ ಹೆಂಗಸು, ಅವಳೂ ಸಂಘದವಳೇ. ಗೋಡೆಗೆ ಮುಖ ಮಾಡಿಯೇ ಕೂರುತ್ತಾಳೆ. ಒಲೆಯ ಝಳ ತಪ್ಪಿಸಲಿಕ್ಕಿರಬೇಕು ಎಂದುಕೊಂಡಿದ್ದೆ. ಹಬ್ಬಕ್ಕೆ ರೊಟ್ಟಿ ಮಾಡಿಕೊಡು ಎಂದಾಗ ನಕ್ಕಳು. “ನೀವ ತಟ್ಟೀರಿ ಅಂತ ಹೇಳ್ರಿ ಅಕ್ಕಾರ. ನಾ ಯಾರ ಮುಂದೂ ಬಾಯಿ ಬಿಡಾಂಗಿಲ್ಲ.”

ಭೋಗಿಯ ದಿನ ಹೊಗಳಿಕೆಯೋ ಹೊಗಳಿಕೆ. “ಕಾನ್ವೆಂಟಿನ್ಯಾಗ ರೊಟ್ಟಿನೂ ಕಲಿಸ್ತಾರೇನವಾ?” ಎಂದೊಬ್ಬಳು ನಗಾಡಿದಳು. ಕುರುಗೋಡಿನಿಂದ ಬಂದಿದ್ದ ನನ್ನ ಗಂಡನ ಸೋದರತ್ತೆ ಮಾತ್ರ ರೊಟ್ಟಿಯನ್ನು ಮುರಿಯದೆ ಕಿಟಕಿಯ ಬೆಳಕಿಗೆ ಹಿಡಿದರು. ಎಳ್ಳು ಹಚ್ಚದ ಮಗ್ಗುಲಲ್ಲಿ ಬೆರಳ ಗುರುತುಗಳು ಒಂದೇ ಕಡೆಗೆ ವಾಲಿದ್ದವು. ದಿನಾ ತಿಂದ ರೊಟ್ಟಿ. ನಾನೆಂದೂ ಅವನ್ನು ಕಂಡಿರಲಿಲ್ಲ. ಅತ್ತೆ ನನ್ನ ಕಿವಿಯ ಬಳಿ ಬಾಗಿದರು.

“ನೀ ಎಡಚಿ ಯಾವಾಗ ಆದಿ, ಯವ್ವಾ?”

ಬೆಣ್ಣೆ ಹಾಕಲು ಹೋದ ನನ್ನ ಕೈಯನ್ನು ಅವರು ತಡೆದರು.

“ನಾ ಹೇಳಾಂಗಿಲ್ಲ. ಹೇಳಾದಿದ್ರ ನೀನ ಹೇಳು.”

ಅಷ್ಟರಲ್ಲಿ ಯಾರೋ ನನ್ನ ಹೆಸರು ಕೂಗಿದರು, ಚಪ್ಪಾಳೆ ಶುರುವಾಯಿತು. ಸುಮ್ಮನಿದ್ದರೆ ಕುರ್ಚಿ ನನ್ನದು. ಬಾಗಿಲ ಬಳಿ ನೀರು ಕೊಡುತ್ತಿದ್ದ ಸಿರುಗುಪ್ಪದವಳು, ತಾನೂ ಚಪ್ಪಾಳೆ ತಟ್ಟಲೆಂದು ತಂಬಿಗೆಯನ್ನು ಕೆಳಗಿಟ್ಟಳು. ಅದನ್ನು ನೋಡಿದ ಮೇಲೆ ನನ್ನಿಂದಾಗಲಿಲ್ಲ.

“ರೊಟ್ಟಿ ನಾ ತಟ್ಟಿದ್ದಲ್ಲ. ಆಕಿ ತಟ್ಟಿದ್ದು,” ಎಂದುಬಿಟ್ಟೆ.

ಕುರ್ಚಿ ಅಲ್ಲಿಗೆ ಮುಗಿಯಿತು. ಅತ್ತೆ ಅವಳನ್ನು ಕರೆದರು. “ಬಾ ಇಲ್ಲಿ. ಕೈ ತೋರ್ಸು.”

ಅವಳು ಸೆರಗಿಗೆ ಒರೆಸಿಕೊಂಡು ಬಲಗೈ ಚಾಚಿದಳು.

“ಅದಲ್ಲವ್ವಾ, ಆ ಕೈ.”

ಅವಳ ಮುಖ ಬಿಳಿಚಿತು. “ಎಡಗೈ ರೊಟ್ಟಿ ಅಂದ್ರ ಮಂದಿ ಉಣ್ಣಂಗಿಲ್ರೀ, ಅಮ್ಮಾರ,” ಎಂದಳು ಮೆಲ್ಲಗೆ. ಗೋಡೆಗೆ ಮುಖ ಮಾಡಿ ಕೂರುವುದು ಏಕೆಂದು ನನಗೆ ಆಗ ತಿಳಿಯಿತು.

ಅತ್ತೆ ಆ ಎಡಗೈಯನ್ನು ಎರಡೂ ಕೈಯಲ್ಲಿ ಹಿಡಿದು ಕಣ್ಣಿಗೊತ್ತಿಕೊಂಡರು. ಆಮೇಲೆ ಎಲ್ಲರೆದುರು ರೊಟ್ಟಿ ಮುರಿದು ಬಾಯಿಗಿಟ್ಟರು.

“ಇನ್ನೊಂದು ಹಾಕು. ಅದ ಕೈಲೆ ಹಾಕು.”

ಹಾಕಿದಳು. ನಾನೂ ತಟ್ಟೆ ಒಡ್ಡಿದೆ.