ಅಲ್ಲದ ಎಣ್ಣೆ

ನಮ್ಮ ಅತ್ತೆ ಶಿವಲಿಂಗವ್ವನ ಹೆಸರು ಎತ್ತಿದರೆ ನಮ್ಮೂರು ಉಮದಿಯ ಹಳೆಯ ಜನ ಇವತ್ತಿಗೂ ಮೊದಲು ತಮ್ಮ ಮೊಣಕಾಲು ಮುಟ್ಟಿ ನೋಡಿಕೊಳ್ಳುತ್ತಾರೆ. ಆಕೆಯ ಎಣ್ಣೆ ಹಾಗಿತ್ತು. ನಮ್ಮ ಸೀಮೆಯಲ್ಲಿ ಹಸಿ ಶುಂಠಿಗೆ ‘ಅಲ್ಲ’ ಎನ್ನುತ್ತೇವೆ. ವಿಜಾಪುರದ ಸಂತೆಯಿಂದ ಅಲ್ಲ ತರಿಸಿ, ತೊಳೆದು, ಕುಟ್ಟಿ, ಅರಿವೆಯಲ್ಲಿ ಹಿಂಡಿ, ಆ ರಸವನ್ನು ನಮ್ಮದೇ ಗಾಣದ ಕುಸುಬೆ ಎಣ್ಣೆಗೆ ಹಾಕಿ, ಕುಳ್ಳಿನ ಸಣ್ಣ ಉರಿಯಲ್ಲಿ ಕಾಯಿಸುವುದು. ಕೇಳಲಿಕ್ಕೆ ಇಷ್ಟೇ. ಮಾಡಲಿಕ್ಕೆ ಕುಂತರೆ ಅರ್ಧ ದಿನ ಹೋಗಿ ಸೊಂಟ ಹಿಡಿಯುತ್ತಿತ್ತು, ಆ ಸೊಂಟಕ್ಕೆ ಮತ್ತೆ ಅದೇ ಎಣ್ಣೆ!

ಅತ್ತೆಯ ಬಾಯಿ ಜೋರು. ಎಣ್ಣೆ ಕೊಡುವಾಗ ಎಲ್ಲರಿಗೂ ಒಂದೇ ಪಾಠ: “ಗಾಯದ ಮ್ಯಾಲ ಹಚ್ಚಿ, ಉರದ್ರ ನನ್ನ ಬೈಬ್ಯಾಡ್ರಿ. ಕೂಸಿಗಂತೂ ಹಚ್ಚಲೇಬ್ಯಾಡ್ರಿ. ಎಲವು ಮುರದಿದ್ರ ಮೀರಜದ ದವಾಖಾನಿಗೆ ಹೋಗ್ರಿ, ನನ್ನ ಹಂತ್ಯಾಕ ಬರಬ್ಯಾಡ್ರಿ.” ಎಣ್ಣೆ ಕಾದಿದೆಯೋ ಇಲ್ಲವೋ ಎಂಬುದಕ್ಕೆ ಆಕೆಯದು ಒಂದೇ ಪರೀಕ್ಷೆ. ಎಣ್ಣೆಯಲ್ಲಿ ಬತ್ತಿ ಅದ್ದಿ ಹಚ್ಚಬೇಕು. ರಸದ ನೀರು ಉಳಿದಿದ್ದರೆ ಬತ್ತಿ ಚಟಚಟ ಎನ್ನುತ್ತದೆ. ಪೂರಾ ಕಾದಿದ್ದರೆ ಸುಮ್ಮನೆ ಉರಿಯುತ್ತದೆ. ಚಟಗುಟ್ಟುವ ಎಣ್ಣೆ ಹತ್ತು ದಿನದಲ್ಲಿ ಮುಗ್ಗಿ ನಾರುತ್ತದೆ. ಅಂಥ ಹಸಿ ಎಣ್ಣೆಯನ್ನು ಯಾರ ಕೈಗೂ ಕೊಟ್ಟಿಲ್ಲ ಎಂಬುದೇ ಆಕೆಯ ಜನ್ಮದ ಗಳಿಕೆ.

ಜತ್ತ ಸಂಸ್ಥಾನ ಹೋಗಿ ನಾವು ಮುಂಬಯಿ ಸರಕಾರಕ್ಕೆ ಸೇರಿ, ಸಾರಾಯಿ ನಿಷೇಧದ ದಾರೂಬಂದಿ ಬಂದ ಹೊಸದರ ಮಾತು. ಕುರುಬರ ಅಮೋಗಸಿದ್ದ ಮೂರು ತಿಂಗಳಿಗೆಂದು ಕುರಿ ಹೊಡೆದುಕೊಂಡು ಹೊಳೆಯ ಕಡೆ ಹೊರಟಿದ್ದ. ಮೊಣಕಾಲು ನೋವಿಗೆ ಎಣ್ಣೆ ಬೇಕೆಂದು ಬಂದು ನಮ್ಮ ಕಟ್ಟೆಯ ಮೇಲೆ ಕೂತ. ಅತ್ತೆ ಆಚೆ ಓಣಿಯಲ್ಲಿ ಯಾರದೋ ಬೆನ್ನು ತಿಕ್ಕಲು ಹೋಗಿದ್ದಳು. ಒಲೆಯ ಮೇಲಿನ ಎಣ್ಣೆಯ ಬೋಗುಣಿಯ ಮುಂದೆ ನಾನಿದ್ದೆ.

“ಗೌರವ್ವಾ, ಲಗೂ ಮಾಡವ್ವಾ. ಕುರಿ ಮುಂದ ಹೋದ್ವು.”

ಒಂದು ಸಲ ಅಂದರೆ ಸರಿ. ಹತ್ತು ಸಲ ಅಂದ. ನನಗೂ ಹೊಗೆ ತಿಂದು ಸಾಕಾಗಿತ್ತು. ಸಿಟ್ಟಿನಲ್ಲಿ ಬೋಗುಣಿ ಇಳಿಸಿ, ತಣ್ಣೀರಲ್ಲಿ ಇಟ್ಟು ಆರಿಸಿ, ಐದು ಬಾಟಲಿ ತುಂಬಿಬಿಟ್ಟೆ. ಅಷ್ಟರಲ್ಲಿ ಅತ್ತೆ ಬಂದಳು.

“ಬತ್ತಿ ಹಚ್ಚಿ ನೋಡಿದೇನ?”

“ನೋಡೀನ್ರಿ.”

“ಸುಮ್ಮನ ಉರೀತೇನ?”

“ಉರೀತ್ರಿ.”

ಎರಡು ಮಾತು, ಎರಡೂ ಸುಳ್ಳು. ಅತ್ತೆ ತನ್ನ ಕೈಯಾರೆ ಅಮೋಗಸಿದ್ದನಿಗೆ ಒಂದು ಬಾಟಲಿ ಕೊಟ್ಟು, “ಚಲೋ ಕಾದೈತಿ ತಮ್ಮಾ, ಮೂರು ತಿಂಗಳ ಅಂದ್ರೂ ಕೆಡೂದಿಲ್ಲ” ಅಂದಳು. ನಾನು ಒಲೆಯ ಬೂದಿ ತೆಗೆಯುವವಳಂತೆ ಮುಖ ತಿರುಗಿಸಿಕೊಂಡೆ.

ಅರ್ಧ ತಾಸಾಗಿರಲಿಲ್ಲ, ಚಾವಡಿಯಿಂದ ಕರೆ ಬಂತು: ಉಳಿದ ಬಾಟಲಿ ತಗೊಂಡು ಬರಬೇಕಂತೆ. ಅತ್ತೆ, ನಾನು ಇಬ್ಬರೂ ಹೋದೆವು. ದಾರೂಬಂದಿಯ ಹೊಸ ಹವಾಲ್ದಾರ ಅಮೋಗಸಿದ್ದನನ್ನು ಹಾದಿಯಲ್ಲೇ ಹಿಡಿದಿದ್ದ. ಬಾಟಲಿ ಗುಜರಿಯವನಿಂದ ತಂದದ್ದು, ಹಿಂದೊಮ್ಮೆ ದಾರೂ ಇದ್ದದ್ದೇ. ಬೂಚು ತೆಗೆದರೆ ಘಮ್ಮೆನ್ನುವ ವಾಸನೆ ಬೇರೆ. ಹವಾಲ್ದಾರ ಮರಾಠಿಯವನು, ಕನ್ನಡ ಅರ್ಧಂಬರ್ಧ. ಅತ್ತೆಯನ್ನು ಮುಂದೆ ನಿಲ್ಲಿಸಿಕೊಂಡು ಕೇಳಿದ.

“ಬಾಯಿ, ಇದು ದಾರೂ?”

“ಅಲ್ಲರಿ.”

“ಔಷಧ?”

“ಅಲ್ಲರಿ.”

“ಮತ್ತ ಏನು?”

“ಅಲ್ಲರೀ ಸಾಹೇಬ್ರ, ಅಲ್ಲ!”

ಹವಾಲ್ದಾರನ ಮುಖ ಕೆಂಪಾಯಿತು. “ದಾರೂ ಅಲ್ಲ, ಔಷಧ ಅಲ್ಲ, ಎಲ್ಲಾದಕೂ ಅಲ್ಲ! ಮಸ್ಕರಿ ಮಾಡ್ತಿ?”

ಸಾಲಿ ಮಾಸ್ತರ ತಮ್ಮಣ್ಣ ಹಿಂದಿನಿಂದ ನುಗ್ಗಿ ಬಂದು, “ಆಲಂ, ಸಾಹೇಬ, ಆಲಂ!” ಎಂದು ಮರಾಠಿಯಲ್ಲಿ ಕೂಗಿದ. ಮರಾಠಿಯಲ್ಲಿ ಆಲಂ ಎಂದರೆ ಹಸಿ ಶುಂಠಿಯೂ ಹೌದು, ‘ಬಂತು’ ಎಂದೂ ಹೌದು. ಹವಾಲ್ದಾರ ಗಡಬಡಿಸಿ ಬಾಗಿಲ ಕಡೆ ತಿರುಗಿ, “ಕೋಣ ಆಲಂ?” ಅಂದ. ಯಾರು ಬಂದರು ಅಂತ! ಚಾವಡಿಗೆ ಚಾವಡಿಯೇ ನಕ್ಕಿತು.

ನಗು ಬಹಳ ಹೊತ್ತು ಉಳಿಯಲಿಲ್ಲ. ಶುಂಠಿ ಎಂದು ತಿಳಿದ ಮೇಲೆ ಹವಾಲ್ದಾರನ ಸಂಶಯ ಇನ್ನೂ ಬಲವಾಯಿತು. ದಾರೂ ಬಂದ್ ಆದ ಮೇಲೆ ಕುಡುಕರು ಔಷಧದ ಅಂಗಡಿಯ, ಸ್ಪಿರಿಟ್ ಬೆರೆತ ಶುಂಠಿ ಟಿಂಚರನ್ನೇ ಕುಡಿಯುತ್ತಿದ್ದರು. ಇದೂ ಅದೇ ಮಾಲು, ಕೊಟ್ಟವಳು ಕೊಂಡವನು ಇಬ್ಬರನ್ನೂ ಜತ್ತದ ಜೇಲಿಗೆ ಕಳಿಸುತ್ತೇನೆ ಅಂದ. ಅಮಾವಾಸ್ಯೆಗೊಮ್ಮೆ ಗುಡ್ಡಾಪುರದ ದಾನಮ್ಮನ ಗುಡಿಗೆ ನಡೆದು ಹೋಗುವ ನಮ್ಮತ್ತೆ ದಾರೂ ಮಾರುವವಳಾಗಿ ನಿಂತಿದ್ದಳು.

ಆದರೂ ಸೋಲುವ ಜೀವ ಅಲ್ಲ ಅದು. “ಒಂದು ಬತ್ತಿ, ಒಂದು ಪಣತಿ ತರ್ರಿ,” ಅಂದಳು. “ದಾರೂ ಇದ್ರ ಭಗ್ ಅಂತ ಹತ್ತತೈತಿ. ನನ್ನ ಎಣ್ಣಿ ಇದ್ರ ದೇವರ ಮುಂದಿನ ದೀಪದ ಗತೆ ಸುಮ್ಮನ ಉರೀತೈತಿ. ಚಟ್ ಅಂದ್ರೂ ನನಗ ಬೇಡಿ ಹಾಕ್ರಿ!”

ನಾನು ಬಾಯಿ ಬಿಡಬೇಕಾಗಿದ್ದದ್ದು ಆವಾಗ. ಬಿಡಲಿಲ್ಲ. ಪಣತಿ ಬಂತು, ಅತ್ತೆಯೇ ಕಡ್ಡಿ ಗೀರಿದಳು.

ಚಟ್. ಚಟಚಟ.

ದಾರೂ ಅಲ್ಲವೆಂಬುದು ಕುರುಡನಿಗೂ ತಿಳಿಯುವಂತಿತ್ತು. ಹವಾಲ್ದಾರ ತಾನೂ ಹಳ್ಳಿಯವನೇ, ನಕ್ಕುಬಿಟ್ಟ. “ಎಣ್ಣಿ ಹೌದು ಬಾಯಿ. ಖರೆ ಚಟ್ ಅಂತು. ಬೇಡಿ ಹಾಕಲಿ?” ಜನ ಮತ್ತೆ ನಕ್ಕರು. ಅಮೋಗಸಿದ್ದ ನಗಲಿಲ್ಲ.

“ಶಿವಲಿಂಗಕ್ಕಾ, ನನಗ ಹಸೀದು ಕೊಟ್ಟಿದ್ದೇನ?”

ಅತ್ತೆ ಒಂದೇ ಸಲ ನನ್ನ ಕಡೆ ನೋಡಿದಳು. ಆಮೇಲೆ ಅಷ್ಟು ಜನರ ಮುಂದೆ, “ಹೌದು ತಮ್ಮಾ. ಗಡಿಬಿಡ್ಯಾಗ ಲಗೂ ಇಳಿಸಿಬಿಟ್ಟೆ. ನಂದ ತಪ್ಪು,” ಅಂದಳು. ಅವನ ಬಾಟಲಿಯನ್ನೂ ವಾಪಸು ಇಸಿದುಕೊಂಡಳು. ಅವನು ಗೊಣಗುತ್ತ ಕುರಿಯ ಹಿಂದೆ ಹೋದ.

ಹಾದಿಯಲ್ಲಿ ಬಾಟಲಿಗಳನ್ನು ತಾನೇ ಹೊತ್ತು ನನ್ನ ಮುಂದೆ ನಡೆದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು! ಮನೆಗೆ ಬಂದು ಐದೂ ಬಾಟಲಿ ಬೋಗುಣಿಗೆ ಸುರಿದು ಮತ್ತೆ ಒಲೆಗೆ ಇಟ್ಟಳು. “ಕುಂದ್ರು,” ಅಂದಳು. ಕೂತೆ. ಹೊತ್ತು ಮುಳುಗುವ ಮುಂದೆ ಬತ್ತಿ ಹಚ್ಚಿದಾಗ ಅದು ಸದ್ದಿಲ್ಲದೆ ಉರಿಯಿತು. ಒಂದು ಬಾಟಲಿ ತುಂಬಿ ನನ್ನ ಮುಂದೆ ಇಟ್ಟಳು. “ಕುಣಿಕೋಣೂರ ಹಾದ್ಯಾಗ ಅಮೋಗಸಿದ್ದನ ಕುರಿ ನಿಂತಿರತಾವ. ಮುಂಜಾನೆದ್ದು ಕೊಟ್ಟು ಬಾ.”

ಬೆಳಗ್ಗೆ ಹೋದೆ. ಅಮೋಗಸಿದ್ದ ಬಾಟಲಿ ಹಿಡಿದು ಅಲುಗಾಡಿಸಿದ. “ಈ ಸಲ ಪೂರಾ ಕಾಸ್ಯಾಳೇನ ನಿಮ್ಮತ್ತಿ? ನಿನ್ನೆ ಹಸೀದ ಇಳಿಸಿದ್ದಳಲ್ಲ.”

“ನಿನ್ನೆ ಇಳಿಸಿದಾಕಿ ಅತ್ತಿ ಅಲ್ಲ, ಕಾಕಾ.”

“ಅಲ್ಲ?”

“ಅಲ್ಲ. ನಾನು.”

ಅವನು ಬಾಟಲಿಯನ್ನು ಕಂಬಳಿಯಲ್ಲಿ ಸುತ್ತಿ ಇಟ್ಟುಕೊಂಡ. “ನನಗ್ಯಾಕ ಹೇಳ್ತೀಯವ್ವಾ?” ಅಂದ. “ಚಾವಡ್ಯಾಗ ಹೇಳಬೇಕಿತ್ತು.”

ಉಮದಿಗೆ ಬಂದವಳು ಮನೆಗೆ ಹೋಗಲಿಲ್ಲ. ಸೀದಾ ಚಾವಡಿಗೆ ಹೋದೆ. ತಮ್ಮಣ್ಣ ಮಾಸ್ತರ ಮತ್ತೆ ನಾಲ್ಕು ಜನ ಎಲೆ ಅಡಿಕೆ ಹಾಕುತ್ತ ಕೂತಿದ್ದರು. ಸೆರಗು ಸರಿ ಮಾಡಿಕೊಂಡು ಅವರ ಮುಂದೆ ನಿಂತೆ.