ಹೆಸರು ಹೇಳಿದ ಸೋದರತ್ತೆ

ನನ್ನ ಮಗಳನ್ನು ತೊಟ್ಟಿಲಿಗೆ ಹಾಕಿದ್ದು ಮಿಶ್ರಿಕೋಟಿಯ ನನ್ನ ತವರಿನಲ್ಲಿ. ಕಲಘಟಗಿಯಿಂದ ತರಿಸಿದ ಬಣ್ಣದ ತೊಟ್ಟಿಲು ಪಡಸಾಲೆಯಲ್ಲಿ ತೂಗುತ್ತಿತ್ತು. ಗಂಡನ ಮನೆಯವರು ಟೆಂಪೊ ಮಾಡಿಕೊಂಡು ಬಂದರು.

ನಮ್ಮಲ್ಲಿ ಕೂಸಿನ ಕಿವಿಯಲ್ಲಿ ಹೆಸರು ಹೇಳುವವಳು ಸೋದರತ್ತೆ. ನನ್ನ ಗಂಡನಿಗೆ ಇದ್ದದ್ದು ಒಬ್ಬಳೇ ಅಕ್ಕ. ಆದರೆ ಅವರ ಯಜಮಾನರು ಹಿಂದಿನ ವರ್ಷ ತೀರಿಕೊಂಡಿದ್ದರು. ಕಲಘಟಗಿಯಲ್ಲಿ ಸ್ವಂತ ಟೇಲರಿಂಗ್ ಅಂಗಡಿ ನಡೆಸುವ, ಸ್ಕೂಟಿಯ ಮೇಲೆ ಊರೆಲ್ಲ ತಿರುಗುವ ಹೆಂಗಸು ಅಂದು ಬಂದವರೇ ನೇರ ಅಡುಗೆಮನೆಗೆ ಹೋಗಿ ಹೋಳಿಗೆ ಲಟ್ಟಿಸುತ್ತ ಕೂತುಬಿಟ್ಟರು.

ಹೆಸರಿಡುವ ಹೊತ್ತಿಗೆ ನನ್ನ ಅತ್ತೆ ತಮ್ಮ ತಂಗಿಯ ಮಗಳನ್ನು ಕರೆದರು. ನಾನು ಕೂಸನ್ನು ಕೊಡಲಿಲ್ಲ.

"ಅಕ್ಕಾರು ಬರಲಿ, ಅತ್ತಿ."

"ಸುಮ್ಮನಿರು ಬೇ. ಮಂದಿ ಏನಂದಾರು?"

"ಕೂಸಿನ ಮೈಮ್ಯಾಲಿನ ಅಂಗಿ ಅವರು ಹೊಲದದ್ದ ಐತ್ರಿ. ಅದು ನಡೀತೈತಿ, ಅವರು ನಡಿಯೂದಿಲ್ಲೇನ್ರಿ?"

ಅತ್ತೆ ಎದ್ದು ಒಳಗೆ ಹೋದರು. ಸಿಟ್ಟಾದರು ಅಂದುಕೊಂಡೆ. ಅಡುಗೆಮನೆಯಿಂದ ಅವರ ಮಾತು ಕೇಳಿಸಿತು.

"ಏಳು ಬೇ, ಕೈ ತೊಳಕೊ."

"ಬ್ಯಾಡವ್ವಾ, ಇಷ್ಟು ಮಂದ್ಯಾಗ..."

"ನಾನ ಕರಿಯಾಕತ್ತೇನಿ. ಏಳು."

ಅಕ್ಕ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಂದು, ನಾನು ಕೂಸನ್ನು ಮಲಗಿಸಿದ ತೊಟ್ಟಿಲ ಮೇಲೆ ಬಾಗಿದರು. ಹೆಸರು ಹೇಳುವಾಗ ಸುತ್ತಲಿನ ಹೆಂಗಸರು ನಗುತ್ತ ಸೋದರತ್ತೆಯ ಬೆನ್ನಿಗೆ ಗುದ್ದುವುದು ರೂಢಿ. ಅಂದು ಯಾರ ಕೈಯೂ ಏಳಲಿಲ್ಲ. ಹೆಸರು ಹೇಳಿ ಮುಗಿದರೂ ಅವರು ಬಾಗಿಯೇ ಇದ್ದರು. ಮುಖ ಮೇಲೆತ್ತಲು ಅಂಜಿದ್ದರೋ ಏನೋ.

ಆಗ ನನ್ನ ಅವ್ವ ಮುಂದೆ ಬಂದು ಬೆನ್ನಿಗೆ ಒಂದು ಗುದ್ದು ಕೊಟ್ಟಳು. "ಜೋರಾಗಿ ಹೇಳ್ರಿ, ನಮಗೂ ಕೇಳಲಿ!"

ಯಾರೋ ಕಿಸಕ್ಕನೆ ನಕ್ಕರು. ಮತ್ತೊಂದು ಗುದ್ದು ಬಿತ್ತು, ಇನ್ನೊಂದು ಬಿತ್ತು. "ಸಾಕ್ರೆವಾ, ಬೆನ್ನ ಮುರೀತೀರಿ!" ಎಂದು ಅಕ್ಕ ನೆಟ್ಟಗೆ ನಿಂತಾಗ ನಗುತ್ತಿದ್ದರು, ಕಣ್ಣು ಮಾತ್ರ ಒದ್ದೆಯಾಗಿದ್ದವು.

ಎಲ್ಲರಿಗೂ ಅದು ಸರಿಬಂತು ಅಂತ ಹೇಳಲಾರೆ. ಬಾಜು ಮನೆಯ ಅಜ್ಜಿ ಉಣ್ಣದೆ ಎದ್ದು ಹೋದಳು. ಅವ್ವ ಅವಳ ಮನೆಗೇ ಹೋಳಿಗೆ ಕಳಿಸಿದಳು. ಡಬ್ಬಿ ಖಾಲಿಯಾಗಿಯೇ ವಾಪಸು ಬಂತು.

ಊಟದ ಪಂಕ್ತಿಯಲ್ಲಿ ಅತ್ತೆ ತಮ್ಮ ಮಗಳನ್ನು ಪಕ್ಕಕ್ಕೆ ಕೂರಿಸಿಕೊಂಡು ಅವಳ ಹೋಳಿಗೆಗೆ ತಾವೇ ತುಪ್ಪ ಹಾಕಿದರು. ನನ್ನ ಜೊತೆ ಮಾತ್ರ ಸಂಜೆಯವರೆಗೂ ಮಾತಾಡಲಿಲ್ಲ. ಹೊರಡುವಾಗ ಬಾಣಂತಿ ಕೋಣೆಯ ಬಾಗಿಲಲ್ಲಿ ನಿಂತು, ಮಲಗಿದ್ದ ಕೂಸನ್ನು ನೋಡುತ್ತ ಹೇಳಿದರು:

"ಹೆಸರು ಛಲೋ ಐತಿ."