ನಾಲ್ಕನೆಯ ದಿನದ ಲೋಟ

ನನ್ನ ತಮ್ಮ ಸಿನಿಮಾ ತೆಗೆಯುವವನು. ಅವನ ಸಿನಿಮಾಗಳಲ್ಲಿ ಹಾಡಿಲ್ಲ, ಹೊಡೆದಾಟವಿಲ್ಲ. ನಮ್ಮ ಚನ್ನಗಿರಿಯ ಟಾಕೀಸಿಗೆ ಅವು ಬಂದದ್ದೂ ಇಲ್ಲ. ದುಡಿಯಲು ಊರು ಬಿಟ್ಟು ಹೋದ ಜನ ಹೋದಲ್ಲಿ ಹೇಗೆ ಬದುಕುತ್ತಾರೆ, ಯಾರು ಅವರನ್ನು ನಮ್ಮವರು ಅನ್ನುತ್ತಾರೆ, ಯಾರು ಅನ್ನುವುದಿಲ್ಲ, ಇಷ್ಟನ್ನೇ ಅವನು ವರ್ಷಗಟ್ಟಲೆ ಬೇರೆ ಬೇರೆ ದೇಶಗಳಲ್ಲಿ ತೆಗೆದ. ಅದರಲ್ಲಿ ಒಂದು ಸಿನಿಮಾ ನನ್ನ ಮನೆಯ ಅಂಗಳದ್ದು. ಅದರ ಕೊನೆಯಲ್ಲಿ ಜಗಳೂರು ಕಡೆಯ ಒಬ್ಬ ಹೆಂಗಸು ಸ್ಟೀಲ್ ಲೋಟದಲ್ಲಿ ಚಹಾ ಕುಡಿದು ನಗುತ್ತಾಳೆ. ಚಹಾ ಹಾಕುವ ಕೈ ನನ್ನದು. ಮೊದಮೊದಲು ನೋಡಿದವರೆಲ್ಲ ಆ ನಗುವಿನ ಬಗ್ಗೆ ಮಾತಾಡಿದರು, ಪೇಪರಿನಲ್ಲಿ ಬರೆದರು. ಆ ನಗು ಹೇಗೆ ಬಂತು, ಆಮೇಲೆ ನಾನು ಅದನ್ನು ಏನು ಮಾಡಿದೆ ಎಂದು ಯಾರೂ ಬರೆಯಲಿಲ್ಲ. ಗೊತ್ತಿದ್ದವಳು ನಾನು, ಸುಮ್ಮನಿದ್ದೆ.

ನಾನು ಓದಿದ್ದು ನಾಲ್ಕನೆಯ ಕ್ಲಾಸಿನವರೆಗೆ. ತವರು ನ್ಯಾಮತಿ, ಅಪ್ಪನಿಗೆ ಅಲ್ಲಿ ಸಣ್ಣ ಜವಳಿ ಅಂಗಡಿ. ತಮ್ಮ ಹುಟ್ಟಿದ ವರ್ಷ ಅವ್ವ ಹಾಸಿಗೆ ಹಿಡಿದಳು. ಕೂಸನ್ನು ಎತ್ತಿಕೊಳ್ಳುವವರು ಬೇಕೆಂದು ನನ್ನನ್ನು ಶಾಲೆ ಬಿಡಿಸಿದರು. ಅವನು ಬೆಳೆದದ್ದು ನನ್ನ ಸೊಂಟದ ಮೇಲೆ. ಮುಂದೆ ಹೈಸ್ಕೂಲಿಗೆಂದು ಹೊನ್ನಾಳಿಯಲ್ಲಿ ದೂರದ ನೆಂಟರ ಮನೆಯಲ್ಲಿ ಬಿಟ್ಟರು. ತಿಂಗಳಿಗೊಮ್ಮೆ ಬಂದಾಗ ನನ್ನ ಪಕ್ಕದಲ್ಲಿ ಕೂತು ಹೊಟ್ಟೆ ತುಂಬ ಉಣ್ಣುತ್ತಿದ್ದ.

"ಇನ್ನೊಂದು ರೊಟ್ಟಿ ಬೇಕು ಅಂತ ಕೇಳಾಕೆ ಅಲ್ಲಿ ಬಾಯೇ ಬರಲ್ಲ ಅಕ್ಕಾ."

"ಯಾಕೋ, ಬೈತಾರಾ?"

"ಬೈಯಲ್ಲ. ನೋಡ್ತಾರೆ."

ಅವನ ಸಿನಿಮಾಗಳೆಲ್ಲ ಆ ನೋಟದಿಂದಲೇ ಶುರುವಾದವು ಎಂದು ಈಗ ನನಗೆ ಅನ್ನಿಸುತ್ತದೆ. ಆಗ ನಾನು ಅವನ ತಟ್ಟೆಗೆ ಇನ್ನೊಂದು ರೊಟ್ಟಿ ಹಾಕಿದ್ದೆ, ಅಷ್ಟೇ.

ನನ್ನನ್ನು ಚನ್ನಗಿರಿಗೆ ಕೊಟ್ಟರು. ತಮ್ಮ ಕಾಲೇಜು ಮುಗಿಸಿ, ಉತ್ತರದ ಕಡೆ ಎಲ್ಲೋ ಸಿನಿಮಾ ಕಲಿತು, ಎಪ್ಪತ್ತರ ದಶಕದ ನಡುವೆ ಇಂಗ್ಲೆಂಡಿಗೆ ಹೋದ. ಅಲ್ಲಿ ಬಟ್ಟೆ ಗಿರಣಿಗಳಲ್ಲಿ ದುಡಿಯುವ ಗುಜರಾತಿ, ಬಂಗಾಳಿ ಜನರ ಮೇಲೆ ಅವನ ಮೊದಲ ಸಿನಿಮಾ. ಬಂಡವಾಳ ಹಾಕುವ ಸಾಹುಕಾರ ಯಾರೂ ಇರಲಿಲ್ಲ. ಹೋಟೆಲಿನಲ್ಲಿ ದುಡಿದು ರೀಲು ಕೊಳ್ಳುತ್ತಿದ್ದ, ರೀಲು ಮುಗಿದರೆ ಮತ್ತೆ ಹೋಟೆಲಿಗೆ. ಅಲ್ಲಿಂದ ನನಗೆ ದಪ್ಪ ಅಕ್ಷರದಲ್ಲಿ ಕಾಗದ ಬರೆಯುತ್ತಿದ್ದ, ನಾನು ಕೂಡಿಸಿಕೊಂಡು ಓದಲಿ ಎಂದು. ಒಂದು ಕಾಗದದಲ್ಲಿ ಹೀಗಿತ್ತು: ಬಾಡಿಗೆ ಕೋಣೆಯ ಮನೆಯೊಡತಿ ಒಳ್ಳೆಯವಳು, ನೆಗಡಿಯಾದರೆ ಸೂಪು ಮಾಡಿಕೊಡುತ್ತಾಳೆ. ಆದರೆ ನನ್ನ ಚಹಾದ ಕಪ್ಪನ್ನು ಬೇರೆ ಇಟ್ಟಿದ್ದಾಳೆ. ಎರಡು ವರ್ಷ ಆದ ಮೇಲೆ ಇವತ್ತು ನನಗೆ ಗೊತ್ತಾಯಿತು.

ನಾನು ಅಡಿಕೆ ರಾಶಿಯ ಪಕ್ಕ ಕೂತು ಅದನ್ನು ಓದಿ ಅತ್ತುಬಿಟ್ಟೆ. ಅಂಥ ಜನರ ನಡುವೆ ನನ್ನ ತಮ್ಮ ಯಾಕಿರಬೇಕು ಎಂದು ಸಂಕಟಪಟ್ಟೆ. ಆಮೇಲೆ ಕಣ್ಣೊರೆಸಿಕೊಂಡು ಎದ್ದು, ಅಡಿಕೆ ಸುಲಿಯುವ ಹೆಣ್ಣಾಳುಗಳಿಗೆ ಚಹಾ ತಂದು ಗೋಡೆಯ ಗೂಡಿನಲ್ಲಿದ್ದ ಎಂಟು ತೆಂಗಿನ ಕರಟಗಳಲ್ಲಿ ಮೇಲಿನಿಂದ ಸುರಿದೆ. ಎರಡಕ್ಕೂ ಸಂಬಂಧವಿದೆ ಎಂದು ನನಗೆ ತೋಚಲೇ ಇಲ್ಲ.

ನನ್ನ ಗಂಡ ಚೇಣಿ ಹಿಡಿಯುತ್ತಿದ್ದರು. ಅಂದರೆ ಉಬ್ರಾಣಿ ಕಡೆಯ ತೋಟಗಳ ಫಸಲನ್ನು ಮರದಲ್ಲಿರುವಾಗಲೇ ಗುತ್ತಿಗೆ ಹಿಡಿದು, ಕಾಯಿ ಇಳಿಸಿ, ನಮ್ಮ ಅಂಗಳದಲ್ಲಿ ಸುಲಿಸಿ ಬೇಯಿಸಿ ಪೇಟೆಗೆ ಹಾಕುವುದು. ಸುಲಿಯಲು ಜಗಳೂರು ಕಡೆಯಿಂದ ಪ್ರತಿ ವರ್ಷ ಎಂಟು ಹೆಂಗಸರು ಲಾರಿಯಲ್ಲಿ ಬಂದು, ಹಿತ್ತಲ ತಗಡಿನ ಶೆಡ್ಡಿನಲ್ಲಿ ಎರಡು ತಿಂಗಳು ಇರುತ್ತಿದ್ದರು. ಅವರ ಕೇರಿಯವರನ್ನು ನಮ್ಮ ಜನ ಪಡಸಾಲೆಗೂ ಹತ್ತಿಸುತ್ತಿರಲಿಲ್ಲ. ಪ್ರತಿ ಸೋಮವಾರ ವಚನ ಹೇಳುವ ಮನೆ ನಮ್ಮದು, ಆದರೂ ಕರಟ ಕರಟವೇ. ಎಂಟು ಹೆಂಗಸರಲ್ಲಿ ಒಬ್ಬಾಕೆ ನನ್ನ ವಯಸ್ಸಿನವಳು, ಆರು ವರ್ಷದಿಂದ ಬರುತ್ತಿದ್ದಳು. ಮರದ ಮಣೆಗೆ ಹೊಡೆದ ಕತ್ತಿಯ ಮುಂದೆ ಕಾಲು ಮಡಚಿ ಕೂತರೆ ಆಕೆಯ ಕೈ ಕಾಣುತ್ತಿರಲಿಲ್ಲ, ಸಿಪ್ಪೆ ಹಾರುವುದು ಮಾತ್ರ ಕಾಣುತ್ತಿತ್ತು. ಬಾಯಿ ಕೈಗಿಂತ ಚುರುಕು.

ಎಂಬತ್ತರ ದಶಕ ಶುರುವಾಗಿತ್ತು. ತಮ್ಮ ಕ್ಯಾಮೆರಾ ಹೊತ್ತು ಬಂದ, ಜೊತೆಗೆ ಟೇಪು ಹಿಡಿಯಲು ಒಬ್ಬ ಗೆಳೆಯ. ಸಮುದ್ರ ದಾಟಿದವರದ್ದು ಮಾತ್ರ ವಲಸೆಯಲ್ಲ, ಜಗಳೂರಿನಿಂದ ಚನ್ನಗಿರಿಗೆ ಬರುವುದೂ ವಲಸೆಯೇ ಎಂಬುದು ಅವನ ಮಾತು. ಮೊದಲು ಆ ಹೆಂಗಸರ ಊರಿಗೇ ಹೋಗಿ ಅವರು ಮನೆಗೆ ಬೀಗ ಹಾಕುವುದನ್ನು, ಲಾರಿ ಹತ್ತುವುದನ್ನು ತೆಗೆದುಕೊಂಡು, ಅದೇ ಲಾರಿಯಲ್ಲಿ ಬಂದಿಳಿದ. ಉಳಿದಿದ್ದ ರೀಲು ನಾಲ್ಕೇ ಡಬ್ಬಿ, ಒಂದು ಡಬ್ಬಿಗೆ ಹತ್ತು ನಿಮಿಷ. ಅದಕ್ಕೇ ಮೂರು ದಿನ ನೋಡಿ ನೋಡಿ ತೆಗೆಯುತ್ತೇನೆ ಎಂದ.

"ಅಕ್ಕಾ, ಒಂದೇ ಮಾತು. ಕ್ಯಾಮೆರಾ ಐತೆ ಅಂತ ಏನೂ ಮಾಡಬೇಡ. ದಿನಾ ಹೆಂಗೋ ಹಂಗೇ ಇರು."

"ಆಯ್ತಪ್ಪ. ನಾನೇನು ಪೌಡರ್ ಬಳ್ಕೊಂಡು ಕೂರ್ತೀನಾ?" ಎಂದೆ.

ಮರುದಿನ ಬೆಳಿಗ್ಗೆ ಅವನು ಅಂಗಳದಲ್ಲಿ ಮೂರು ಕಾಲಿನ ಸ್ಟ್ಯಾಂಡು ನಿಲ್ಲಿಸಿದ. ಅದರ ನೇರಕ್ಕೆ ಗೋಡೆಯ ಗೂಡು, ಗೂಡಿನಲ್ಲಿ ಕರಟಗಳು. ಆಗ ತಮ್ಮ ಕಾಗದದಲ್ಲಿ ಬರೆದಿದ್ದ ಚಹಾದ ಕಪ್ಪು ನನ್ನ ನೆನಪಿಗೆ ಬಂತು. ಅವನ ಕಣ್ಣು ಇನ್ನೂ ಕರಟಗಳ ಮೇಲೆ ಬಿದ್ದಂತಿರಲಿಲ್ಲ. ಅವನು ಸ್ನಾನಕ್ಕೆ ಹೋದ ಹೊತ್ತಿನಲ್ಲಿ ಎಂಟೂ ಕರಟ ಎತ್ತಿ ಬುಟ್ಟಿಗೆ ಹಾಕಿ ಸೌದೆಯ ಹಿಂದೆ ಇಟ್ಟೆ. ಒಳಗಿನಿಂದ ಎಂಟು ಸ್ಟೀಲ್ ಲೋಟ ತೆಗೆದೆ. ನನ್ನ ಮದುವೆಯಲ್ಲಿ ಬಂದವು, ಹೆಸರು ಕೊರೆಸಿದವು.

ಅತ್ತೆ ಬಾಗಿಲಿಗೆ ಅಡ್ಡ ನಿಂತರು. "ಎಲ್ಲಿಗೆ ಅವು?"

"ಮೂರೇ ದಿನ ಅತ್ತೆ. ಅವನು ಪಟ ತೆಗಿಯಾವರೆಗೆ."

"ಆಮೇಲೆ ನಾವು ಅದ್ರಾಗೇ ಕುಡೀಬೇಕಾ?"

"ಹುಣಸೆಹಣ್ಣು ಹಾಕಿ ತಿಕ್ಕಿ, ಬೆಂಕಿಗೆ ಹಿಡಿದು ತಗಂತೀನಿ. ದೇಶ ದೇಶದಾಗೆ ನಮ್ಮನೆ ಕಾಣುತ್ತಂತೆ, ಕರಟ ಕಂಡ್ರೆ ಚೆನ್ನಾಗಿರುತ್ತಾ?"

ಅತ್ತೆ ದೇಶ ದೇಶ ಎಂಬ ಮಾತಿಗೆ ದಾರಿ ಬಿಟ್ಟರು.

ಚಹಾದ ಹೊತ್ತಿಗೆ ತಮ್ಮ ಅಂಗಳದ ಆ ತುದಿಯಲ್ಲಿ ಕಪ್ಪು ಚೀಲದೊಳಗೆ ಎರಡೂ ಕೈ ತೂರಿಸಿ ರೀಲು ಬದಲಿಸುತ್ತಿದ್ದ. ಹೆಂಗಸರಿಗೆ ಅದೊಂದು ತಮಾಷೆ.

"ಏನ್ ಸ್ವಾಮೀ, ಚೀಲದಾಗೆ ಮೊಲ ಐತಾ?" ಎಂದಳು ಆಕೆ.

"ಮೊಲ ಅಲ್ಲಮ್ಮಾ, ಇದಕ್ಕೆ ಬೆಳಕು ತಾಗಬಾರದು."

"ನೋಡ್ರೇ! ನಮ್ಮನ್ನ ಬಿಸಿಲಾಗೆ ಕೂರ್ಸಿ ತಾನು ಕತ್ಲೆ ಹುಡುಕ್ತಾನೆ. ಅಡಿಕೆ ಸುಲಿಯಾದನ್ನ ನಿಮ್ಮೂರಾಗೆ ಟಿಕೀಟು ತಗಂಡು ನೋಡ್ತಾರಾ? ಇಲ್ಲಿಗೇ ಬರಾಕೆ ಹೇಳ್ರಿ, ಬಿಟ್ಟಿ ತೋರಿಸ್ತೀವಿ. ಬೇಕಾದ್ರೆ ಅವರೂ ನಾಕು ಸುಲೀಲಿ!"

ಅಂಗಳವೆಲ್ಲ ನಕ್ಕಿತು. ನಾನು ತಟ್ಟೆಯಲ್ಲಿ ಲೋಟಗಳನ್ನಿಟ್ಟುಕೊಂಡು ಬಂದೆ. ನಗು ನಿಂತಿತು. ಏಳು ಜನ ಕೈ ಸೆರಗಿಗೆ ಒರೆಸಿಕೊಂಡರೇ ಹೊರತು ಮುಂದೆ ಚಾಚಲಿಲ್ಲ. ಆಕೆ ಲೋಟ ನೋಡಿದಳು, ಗೂಡು ನೋಡಿದಳು, ನನ್ನ ಮುಖ ನೋಡಿದಳು. ದನಿ ತಗ್ಗಿಸಿ ಕೇಳಿದಳು:

"ಅಮ್ಮಾರೇ, ಇದು ಇವತ್ತೊಂದಿನಾನೋ, ದಿನಾನೋ?"

ಇವತ್ತೊಂದಿನ ಎಂದು ನಾನು ಹೇಳಬಹುದಿತ್ತು. ಹೇಳಿದ್ದರೆ ಆಕೆ ಅದಕ್ಕೂ ಏನಾದರೊಂದು ಹಾಸ್ಯ ಮಾಡಿ ಕುಡಿಯುತ್ತಿದ್ದಳೇನೋ. ಆದರೆ ತಮ್ಮ ಕ್ಯಾಮೆರಾದ ಹಿಂದಕ್ಕೆ ಬಂದು ನಿಂತಾಗಿತ್ತು. ಇವರು ಲೋಟ ಹಿಡಿಯದಿದ್ದರೆ ಎಲ್ಲ ಬಯಲಾಗುತ್ತಿತ್ತು.

"ದಿನಾನೂ ಕಣಮ್ಮಾ. ಇನ್ ಮೇಲೆ ದಿನಾನೂ," ಎಂದು ನಾನೂ ಮೆಲ್ಲಗೆ ಅಂದೆ.

ಆಕೆ ಲೋಟ ತಗೊಂಡಳು. ನಾನು ಚಹಾ ಹಾಕಿದೆ. ಬಿಸಿ ಲೋಟವನ್ನು ಸೆರಗಿನಲ್ಲಿ ಹಿಡಿದು, ಒಂದು ಗುಟುಕು ಕುಡಿದು, ನನ್ನ ಕಡೆ ತಿರುಗಿ ನಕ್ಕಳು. ಉಳಿದವರೂ ಒಬ್ಬೊಬ್ಬರಾಗಿ ತಗೊಂಡರು. ಕ್ಯಾಮೆರಾ ಸರ್ರೆಂದು ಓಡುತ್ತಿತ್ತು. ಆ ನಗು ಕ್ಯಾಮೆರಾಕ್ಕಾಗಿ ನಕ್ಕದ್ದಲ್ಲ. ಆಕೆ ನನ್ನ ಮಾತು ನಂಬಿ ನಕ್ಕಳು.

ತಮ್ಮನಿಗೆ ಕರಟದ ಪದ್ಧತಿ ಗೊತ್ತಿರಲಿಲ್ಲ ಎಂದಲ್ಲ. ನ್ಯಾಮತಿಯ ನಮ್ಮ ಹಿತ್ತಲಲ್ಲೂ ಕರಟ ಇದ್ದವು. ಅಂದು ಊಟಕ್ಕೆ ಕೂತಾಗ ಕೇಳಿದ: "ಅಕ್ಕಾ, ಇದು ಯಾವಾಗಿಂದ?" ನಾನು ಸಾರು ಬಡಿಸುತ್ತ, "ಕಾಲ ಬದಲಾಗೈತಲ್ಲಪ್ಪ," ಎಂದೆ. ಅವನ ಕಣ್ಣು ತುಂಬಿದ್ದು ಕಂಡಿತು. ನನಗೆ ಹೆಮ್ಮೆಯೇ ಆಯಿತು. ಇದನ್ನು ಬರೆಯಲು ನಾಚಿಕೆಯಾಗುತ್ತದೆ, ಆದರೆ ಆದದ್ದು ಹೆಮ್ಮೆಯೇ.

ಮೂರು ದಿನ ಮುಗಿಸಿ ಅವನು ಹೋದ. ಲೋಟಗಳನ್ನು ತಿಕ್ಕಿ, ಬೆಂಕಿಗೆ ಹಿಡಿದು, ಆರಲೆಂದು ಕಟ್ಟೆಯ ಮೇಲೆ ಬೋರಲು ಹಾಕಿದೆ. ಕರಟಗಳನ್ನು ಗೂಡಿಗೆ ಮರಳಿ ಇಟ್ಟೆ. ನಾಲ್ಕನೆಯ ದಿನ ಚಹಾದ ಹೊತ್ತಿಗೆ ಏಳು ಹೆಂಗಸರು ಮಾತಿಲ್ಲದೆ ಎದ್ದು ಕರಟ ತಗೊಂಡರು. ಆಕೆ ನೇರ ಕಟ್ಟೆಗೆ ಹೋಗಿ ಒಂದು ಲೋಟ ಎತ್ತಿಕೊಂಡಳು.

ಅತ್ತೆ ಕಿರುಚಿದರು. "ಅಯ್ಯಯ್ಯೋ, ತೊಳೆದಿಟ್ಟಿದ್ದನ್ನ ಮುಟ್ಟಿದಳಲ್ಲೇ! ಯಾರೇ ಇವಳಿಗೆ ಸದರ ಕೊಟ್ಟೋರು?"

ಆಕೆ ನನ್ನ ಕಡೆ ನೋಡಿದಳು. "ದಿನಾನೂ ಅಂತ ಅಮ್ಮಾರೇ ಅಂದಿದ್ದು."

ಎಂಟು ಜನರ ಕಣ್ಣು, ಅತ್ತೆಯ ಕಣ್ಣು, ಎಲ್ಲ ನನ್ನ ಮೇಲೆ. ನಾನು ಹೇಳಿದೆ: "ನಾನು ಹಂಗೆ ಅಂದೇ ಇಲ್ಲ. ಸುಳ್ಳು ಹೇಳಬೇಡ."

ಆಕೆ ಲೋಟವನ್ನು ಮೊದಲಿದ್ದ ಜಾಗದಲ್ಲೇ ಬೋರಲು ಇಟ್ಟಳು. ಮಣೆಗೆ ಮರಳಿ ಕೂತು ಸುಲಿಯತೊಡಗಿದಳು. ಆಮೇಲೆ ಆ ಕೆಲಸ ಮುಗಿಯುವವರೆಗೂ ನಮ್ಮ ಚಹಾ ಕುಡಿಯಲಿಲ್ಲ. ಬಾಯಿ ಮಾತೂ ಆಡಲಿಲ್ಲ, ಅಂಗಳ ಬಿಕೋ ಎನ್ನುತ್ತಿತ್ತು. ಮುಂದಿನ ವರ್ಷ ಲಾರಿಯಲ್ಲಿ ಆಕೆ ಇರಲಿಲ್ಲ. ಸೂಳೆಕೆರೆ ಕೆಳಗೆ ಭತ್ತ ಕೊಯ್ಯಲು ಹೋಗುತ್ತಾಳಂತೆ ಎಂದರು ಉಳಿದವರು.

ಎರಡು ಮೂರು ವರ್ಷದ ಮೇಲೆ ತಮ್ಮ ಆ ಸಿನಿಮಾ ಹಿಡಿದು ಬಂದ. ಹೊನ್ನಾಳಿಯಲ್ಲಿ ಅವನು ಓದಿದ ಶಾಲೆಯವರು ಕರೆದಿದ್ದರು. ಕಿಟಕಿಗಳಿಗೆ ಕಂಬಳಿ ಕಟ್ಟಿ ಕತ್ತಲು ಮಾಡಿದ್ದರು. ನಾನು ಮುಂದಿನ ಸಾಲಿನಲ್ಲಿದ್ದೆ. ಮುಗಿದ ಮೇಲೆ ಅವನು ಎದ್ದು ನಿಂತು, ಎಷ್ಟೋ ದೇಶ ತಿರುಗಿ ನೋಡಲಾಗದ್ದನ್ನು ನನ್ನ ಅಕ್ಕನ ಅಂಗಳದಲ್ಲಿ ನೋಡಿದೆ ಎಂದ. ಜನ ಚಪ್ಪಾಳೆ ಹೊಡೆಯುತ್ತ ನನ್ನ ಕಡೆ ತಿರುಗಿದರು. ನಾನು ಕೈ ಮುಗಿದೆ.

ಮನೆಗೆ ಬಂದ ಮೇಲೆ ಅವನು ಹೇಳಿದ: "ಸೋಮವಾರ ಜಗಳೂರಿಗೆ ಹೋಗ್ತೀನಿ. ಆಕೆಗೆ ತೋರಿಸಬೇಕು. ನೀನೂ ಬಾ ಅಕ್ಕ, ನಿನ್ನ ನೋಡಿದ್ರೆ ಖುಷಿಪಡ್ತಾಳೆ."

"ಮಂಡಿ ನೋವು ಕಣಪ್ಪ. ಬಸ್ಸಿನಾಗೆ ಕೂರಾಕೆ ಆಗಲ್ಲ."

ಸೋಮವಾರಕ್ಕೆ ಇನ್ನೂ ಎರಡು ದಿನ ಇತ್ತು. ಅವನು ಅಡುಗೆಮನೆಯಲ್ಲಿ ನನ್ನ ಎದುರೇ ಕೂತು ಕಡಲೆ ತಿನ್ನುತ್ತಿದ್ದ. ಹೇಳುವುದಿದ್ದರೆ ಹೇಳಬಹುದಿತ್ತು. ಬಸ್ಸು ಹತ್ತಿಸುವಾಗಲೂ ಹೇಳಬಹುದಿತ್ತು. ಮೂವತ್ತು ದಾಟಿದವನನ್ನು ಅವರ ಕೇರಿಯಲ್ಲಿ, ಆ ಜನರ ಮುಂದೆ, ಏನೂ ಗೊತ್ತಿಲ್ಲದ ಕೂಸಿನ ಹಾಗೆ ನಿಲ್ಲಲು ಕಳಿಸಿದೆ. ಲೋಟದ ಸುಳ್ಳಿಗಿಂತ ಇದೇ ನನ್ನನ್ನು ಹೆಚ್ಚು ತಿಂದಿದೆ.

ಮಂಗಳವಾರ ಮಧ್ಯಾಹ್ನ ಮರಳಿ ಬಂದ. ಚಪ್ಪಲಿ ಬಿಡದೆ ಹೊಸಿಲ ಹೊರಗೇ ನಿಂತು ಕೇಳಿದ: "ಅಕ್ಕಾ, ನಾಕನೇ ದಿನ ಏನಾಯ್ತು?"

ಕಿಟಕಿಗೆ ಗೋಣಿಚೀಲ ಕಟ್ಟಿದ ಶಾಲೆಯ ಕೋಣೆಯಲ್ಲಿ ಊರಿಗೆ ಊರೇ ಕೂತು ಸಿನಿಮಾ ನೋಡಿತಂತೆ. ತಮ್ಮನ್ನು ತಾವು ಕಂಡು ನಕ್ಕರಂತೆ. ದೀಪ ಹಾಕಿದ ಮೇಲೆ ಆಕೆ ಎದ್ದು ನಿಂತು, "ಸ್ವಾಮೀ, ಇದು ಇನ್ನಾ ಮುಗಿದಿಲ್ಲ. ಇನ್ನೊಂದಿನ ಐತೆ. ಅದನ್ಯಾಕೆ ತೆಗೀಲಿಲ್ಲ?" ಎಂದಳಂತೆ. ಆಮೇಲೆ ಎಲ್ಲ ಹೇಳಿದಳಂತೆ.

"ಹೌದಾ ಅಕ್ಕ?"

ನಾನು ಹೌದೆಂದು ತಲೆಯಾಡಿಸಿದೆ. ಅವನು ಬೈಯಲಿಲ್ಲ. ಚಪ್ಪಲಿ ಬಿಟ್ಟು ಒಳಗೆ ಬಂದು ಟೇಪಿನ ಪೆಟ್ಟಿಗೆ ನನ್ನ ಮುಂದೆ ಇಟ್ಟ. "ಆಕೆ ಹೇಳಿದ್ದನ್ನ ತುಂಬಿಕೊಂಡು ಬಂದೀನಿ. ಸಿನಿಮಾದ ಕೊನೆಗೆ ಸೇರಿಸ್ತೀನಿ. ನಿನ್ನ ಬಾಯಿಂದಾನೂ ಎರಡು ಮಾತು ಬೇಕು. ಆಕೆ ಹೇಳಿದ್ದು ನಿಜ ಅಂತ, ಅಷ್ಟೇ."

ಅತ್ತೆ ಪಡಸಾಲೆಯಲ್ಲಿದ್ದರು. ಮಗಳಿಗೆ ಗಂಡು ನೋಡುತ್ತಿದ್ದೆವು. ಊರವರು ಏನೆನ್ನುತ್ತಾರೆ, ಬೀಗರಾಗುವವರು ಏನೆನ್ನುತ್ತಾರೆ ಎಂದು ನೂರು ನೆವ ತೆಗೆದೆ. ಟೇಪು ತಿರುಗುತ್ತಿತ್ತು. ಅವನು ಕಾದು ಕಾದು ಅದನ್ನು ನಿಲ್ಲಿಸಿದ. "ಆಯ್ತು ಬಿಡು," ಎಂದ. ಊಟ ಮಾಡಿ ತಟ್ಟೆಯನ್ನು ತಾನೇ ತೊಳೆದಿಟ್ಟ. ನನ್ನ ಮನೆಯಲ್ಲಿ ಅವನು ತಟ್ಟೆ ತೊಳೆದದ್ದು ಅದೇ ಮೊದಲು.

ಈಗ ಆ ಸಿನಿಮಾದಲ್ಲಿ ನಗು ಮುಗಿದ ಮೇಲೆ ಪರದೆ ಕಪ್ಪಾಗಿ ಆಕೆಯ ದನಿ ಮಾತ್ರ ಕೇಳುತ್ತದೆಯಂತೆ. ಅವನ ಬೇರೆಲ್ಲ ಸಿನಿಮಾಕ್ಕಿಂತ ಅದನ್ನೇ ಜನ ಹೆಚ್ಚು ಕೇಳಿ ತರಿಸುತ್ತಾರಂತೆ. ಅಕ್ಕ ಏನಂದಳು ಎಂದು ಯಾರಾದರೂ ಕೇಳಿದರೆ, ಕೇಳಿದ್ದೇನೆ, ಇನ್ನೂ ಹೇಳಿಲ್ಲ ಎನ್ನುತ್ತಾನಂತೆ. ಇಲ್ಲಿ ನಮ್ಮ ಜನ, ಆ ಹೆಂಗಸು ಸುಳ್ಳು ಹೇಳಿ ಮನೆತನದ ಮರ್ಯಾದೆ ತೆಗೆದಳು ಎನ್ನುತ್ತಾರೆ. ನನ್ನ ಮುಂದೆಯೇ ಅನ್ನುತ್ತಾರೆ, ನನಗೆ ಸಮಾಧಾನ ಹೇಳುವ ಹಾಗೆ. ಅತ್ತೆ ತೀರಿಕೊಂಡರು. ಮಗಳ ಮದುವೆಯೂ ಆಯಿತು. ಹೇಳದಿರಲು ಇನ್ನು ನೆವ ಉಳಿದಿಲ್ಲ.

ಆಕೆ ಹೇಳಿದ್ದು ನಿಜ. ದಿನಾನೂ ಎಂದವಳು ನಾನು, ಅಂದಿಲ್ಲ ಎಂದವಳೂ ನಾನು.

ಇದರ ಒಂದು ಪ್ರತಿಯನ್ನು ತಮ್ಮನಿಗೆ ಕಳಿಸುತ್ತೇನೆ, ಒಂದನ್ನು ಜಗಳೂರಿಗೆ. ಆಕೆಗೆ ಓದು ಬರುವುದಿಲ್ಲ, ಯಾರಾದರೂ ಗಟ್ಟಿಯಾಗಿ ಓದಿ ಹೇಳಬೇಕು. ಓದುವಾಗ ಆ ಏಳು ಹೆಂಗಸರನ್ನೂ ಕೂರಿಸಿಕೊಳ್ಳಿ. ಅವತ್ತು ನಾನು ಇಲ್ಲ ಎಂದದ್ದು ಅವರ ಮುಂದೆ.